ಫ್ಯಾನ್ ಆರಿಸಿ ಪಾಠ ಹೇಳುತ್ತಿದ್ದವರು

ಮೊನ್ನೆ ಸೂರತ್ ಹತ್ತಿರದ ಸಚಿನ್ ಎಂಬ ಊರಿನಿಂದ ಒಂದು ಪೋಸ್ಟ್ ಕಾರ್ಡ್ ಬಂತು. ಅಹಮದಾಬಾದಿನ ನಮ್ಮ ಮನೆಗೆ ಕನ್ನಡದಲ್ಲಿ ಬರೆದ ಕಾಗದ ಬರುವುದೇ ಅಪರೂಪ. ಅಂಚೆಯವನು ಕಾರ್ಡನ್ನು ತಿರುಗಿಸಿ ಮುರುಗಿಸಿ ನೋಡಿ, ಇದು ತೆಲುಗೋ ತಮಿಳೋ ಎಂದು ಕೇಳಿ, ಉತ್ತರಕ್ಕೂ ಕಾಯದೆ ಕೊಟ್ಟು ಹೋದ. ಬರೆದವರು ಮೋಟಾಬೆನ್ ಅವರ ಯಜಮಾನರು. ಮೋಟಾಬೆನ್ ತೀರಿಕೊಂಡು ಹದಿನೈದು ದಿನವಾಯಿತು ಎಂದು ಮೊದಲ ಸಾಲಿನಲ್ಲೇ ಇತ್ತು. ನಾನು ಅಡುಗೆಮನೆಯ ಕಟ್ಟೆಗೆ ಒರಗಿ ನಿಂತೆ. ಒಲೆಯ ಮೇಲಿನ ಹಾಲು ಉಕ್ಕಿ ಸುರಿದದ್ದು ಆಮೇಲೆ ಗೊತ್ತಾಯಿತು.

ಮೋಟಾಬೆನ್ ಎಂದರೆ ಗುಜರಾತಿಯಲ್ಲಿ ದೊಡ್ಡಕ್ಕ. ಇಲ್ಲಿನ ಮಣಿನಗರದ ನಮ್ಮ ಶಾಲೆಯಲ್ಲಿ ಜವಾನನಿಂದ ಹಿಡಿದು ಪ್ರಿನ್ಸಿಪಾಲರವರೆಗೆ ಎಲ್ಲರೂ ಅವರನ್ನು ಹಾಗೆಯೇ ಕರೆಯುತ್ತಿದ್ದರು. ಇಪ್ಪತ್ತೆರಡು ವರ್ಷ ಒಂದನೇ ತರಗತಿಯನ್ನು ಬಿಟ್ಟು ಬೇರೆ ತರಗತಿಗೆ ಕಾಲಿಟ್ಟವರಲ್ಲ. ಆ ತರಗತಿ ಅವರ ಕೈಯಿಂದ ತಪ್ಪಿಹೋದದ್ದು ನನ್ನ ಬಾಯಿಂದ. ಇದನ್ನು ಅವರಿಗೆ ಹೇಳಿ ತಪ್ಪೊಪ್ಪಿಕೊಳ್ಳಬೇಕು ಎಂದು ಎರಡು ವರ್ಷ ಒದ್ದಾಡಿದೆ. ಈಗ ಒದ್ದಾಡುವ ಕೆಲಸವೂ ಉಳಿಯಲಿಲ್ಲ.

ನಾನು ಆ ಶಾಲೆಗೆ ಸೇರಿದ್ದು ಗುಜರಾತಿನ ಭೂಕಂಪವಾದ ಮರುವರ್ಷದ ಜೂನ್‌ನಲ್ಲಿ. ನನ್ನವರಿಗೆ ಇಲ್ಲಿನ ಸಂಶೋಧನಾ ಸಂಸ್ಥೆಯೊಂದಕ್ಕೆ ವರ್ಗವಾಗಿತ್ತು. ಮೈಸೂರಿನಲ್ಲಿ ಬಿ.ಎಡ್. ಮಾಡಿದವಳು, ಇಂಗ್ಲಿಷ್ ನನಗೆ ನೀರು ಕುಡಿದಷ್ಟು ಸಲೀಸು ಎಂಬ ಜಂಬ ಬೇರೆ. ಪ್ರಿನ್ಸಿಪಾಲರು ನನ್ನ ಸರ್ಟಿಫಿಕೇಟುಗಳನ್ನೆಲ್ಲ ನೋಡಿ, "ಮೊದಲು ಎರಡು ವಾರ ಮೋಟಾಬೆನ್ ಕ್ಲಾಸಿನಲ್ಲಿ ಹಿಂದೆ ಕೂತು ನೋಡಿ" ಎಂದರು. ನನಗೆ ಕೊಂಚ ಅವಮಾನವೇ ಆಯಿತು.

ಹಿಂದಿನ ಬೆಂಚಿನಲ್ಲಿ, ಆರು ವರ್ಷದ ಮಕ್ಕಳ ನಡುವೆ ಮೊಣಕಾಲು ಮಡಚಿ ಕೂತೆ. ಕಿಟಕಿಯಾಚೆ ಮಣಿನಗರ ಸ್ಟೇಷನ್ನಿನ ರೈಲುಗಳು. ಗೋಡೆಯ ಬಿರುಕಿಗೆ ಹಾಕಿದ್ದ ಸಿಮೆಂಟ್ ಪಟ್ಟೆ ಇನ್ನೂ ಬಣ್ಣ ಕಂಡಿರಲಿಲ್ಲ. ಕುಳ್ಳನೆಯ, ದಪ್ಪ ಕನ್ನಡಕದ ಹೆಂಗಸೊಬ್ಬರು ಒಳಗೆ ಬಂದರು. ಗುಜರಾತಿ ಶೈಲಿಯಲ್ಲಿ ಬಲಕ್ಕೆ ಸೆರಗು, ಕೈಯಲ್ಲಿ ಬಿಸ್ಕತ್ತಿನ ತಗಡಿನ ಡಬ್ಬಿ. ಬಂದವರೇ ನೇರ ಗೋಡೆಗೆ ಹೋಗಿ ಫ್ಯಾನ್ ಆರಿಸಿದರು. "ಪಂಖೋ ಬಂಧ್!" ಎಂದು ಮಕ್ಕಳೆಲ್ಲ ಒಕ್ಕೊರಲಿನಲ್ಲಿ ಕೂಗಿದರು. ಜೂನ್ ತಿಂಗಳ ಅಹಮದಾಬಾದಿನಲ್ಲಿ ಫ್ಯಾನ್ ಆರಿಸುವವರನ್ನು ನಾನು ಅದೇ ಮೊದಲು ಕಂಡದ್ದು. ಈ ಅಮ್ಮನಿಗೆ ತಲೆ ಸರಿಯಿದೆಯೇ ಎಂದುಕೊಂಡೆ.

ಡಬ್ಬಿ ತೆರೆದರು. ಒಳಗೆ ಗಾಳಿಪಟದ ಕಾಗದದ ಪಟ್ಟಿಗಳು. ಕೆಂಪು, ಹಸಿರು, ಗುಲಾಬಿ, ಬೆರಳಗಲ ಗೇಣುದ್ದ. ಇಲ್ಲಿ ಸಂಕ್ರಾಂತಿಗೆ ಊರಿಗೆ ಊರೇ ತಾರಸಿ ಹತ್ತಿ ಗಾಳಿಪಟ ಹಾರಿಸುತ್ತದೆ. ಮರುದಿನ ಮರ, ತಂತಿ, ಮೋರಿ ಎಲ್ಲ ಕಡೆ ಹರಿದ ಪಟಗಳು. ಅವನ್ನು ಮಕ್ಕಳ ಕೈಲಿ ಆರಿಸಿ ತರಿಸಿ, ಕತ್ತರಿಸಿ, ವರ್ಷಕ್ಕಾಗುವಷ್ಟು ಡಬ್ಬಿಯಲ್ಲಿ ತುಂಬಿಟ್ಟುಕೊಳ್ಳುತ್ತಿದ್ದರು. ಪ್ರತಿ ಮಗುವಿಗೂ ಒಂದೊಂದು ಪಟ್ಟಿ. ಅದನ್ನು ಮೂಗಿನ ತುದಿಗೆ ಹಿಡಿದು, ಬಾಯಿಯ ಮುಂದೆ ಇಳಿಬಿಟ್ಟು ಮಾತಾಡಬೇಕು.

ಅವತ್ತಿನ ಪಾಠ ಇಂಗ್ಲಿಷಿನ 'ಸಿ' ಅಕ್ಷರ. ಅದಕ್ಕೆ ಎರಡು ಬಾಯಿ. ಕ್ಯಾಟ್ ಎನ್ನುವಾಗ ಗಟ್ಟಿ, ಸಿಟಿ ಎನ್ನುವಾಗ ಮೃದು. ಬಿ.ಎಡ್.ನಲ್ಲಿ ನಾನು ಇದನ್ನು ಸೂತ್ರದ ಹಾಗೆ ಬಾಯಿಪಾಠ ಮಾಡಿದ್ದೆ. ಅವರು ಸೂತ್ರ ಹೇಳಲಿಲ್ಲ. "ಕ್ಯಾಟ್" ಎಂದರು, ಪಟ್ಟಿ ಒಂದು ಸಲ ಟಪ್ಪನೆ ಹಾರಿ ಬಿತ್ತು. "ಇದು ಚಿಕ್ಕಿ" ಎಂದರು. "ಸಿಟಿ" ಎಂದರು, ಪಟ್ಟಿ ಸಣ್ಣಗೆ ನಡುಗುತ್ತ ನಿಂತಿತು. "ಇದು ಖಮಣ್." ಕಡಲೆಬೀಜದ ಚಿಕ್ಕಿಯನ್ನು ಕಡಿದರೆ ಕಟಕ್ಕನೆ ಒಡೆಯುತ್ತದೆ, ಕಡಲೆಹಿಟ್ಟಿನ ಖಮಣ್ ಬಾಯಿಗಿಟ್ಟರೆ ಮೆತ್ತಗೆ ಕರಗುತ್ತದೆ. ಗುಜರಾತಿ ಮಕ್ಕಳಿಗೆ ಇದಕ್ಕಿಂತ ಹೆಚ್ಚಿನ ವಿವರಣೆ ಯಾಕೆ ಬೇಕು? ಯಾವ ಹೊಸ ಪದ ಬಂದರೂ "ಬೆನ್, ಚಿಕ್ಕಿ ಕೆ ಖಮಣ್?", ಚಿಕ್ಕಿಯೋ ಖಮಣೋ, ಎಂದು ಕೇಳುತ್ತಿದ್ದವು. 'ಜಿ' ಅಕ್ಷರಕ್ಕೂ ಇದೇ ಲೆಕ್ಕ. ಗೋಟ್ ಚಿಕ್ಕಿ, ಜಿರಾಫ್ ಖಮಣ್. ಅಲ್ಲಿ ಪಟ್ಟಿಯ ಜೊತೆಗೆ ಎರಡು ಬೆರಳನ್ನು ಗಂಟಲ ಮೇಲೂ ಇಡಬೇಕು. ಗುಂಯ್ ಎಂದು ಒಳಗೆ ಜೇನು ಕೂತ ಹಾಗೆ ಆಗುತ್ತದೆ. ಮಕ್ಕಳು ಒಬ್ಬರ ಗಂಟಲನ್ನು ಒಬ್ಬರು ಮುಟ್ಟಿ ಕಿಲಕಿಲ ನಗುತ್ತಿದ್ದವು.

ಇಂಗ್ಲಿಷಿನಲ್ಲಿ ನಿಯಮ ಇದ್ದಲ್ಲಿ ನಿಯಮ ಮುರಿಯುವವೂ ಇರುತ್ತವಲ್ಲ. ಗೆಟ್, ಗಿವ್, ಗರ್ಲ್. ಮೃದುವಾಗಬೇಕಾದಲ್ಲಿ ಗಟ್ಟಿಯಾಗಿ ಕೂತವು. ಅವನ್ನು ಬೋರ್ಡಿನ ಮೂಲೆಯಲ್ಲಿ ಒಂದು ಮನೆ ಬರೆದು ಅದರೊಳಗೆ ಕೂರಿಸುತ್ತಿದ್ದರು. "ಇವು ಹೇಳಿದ ಮಾತು ಕೇಳದ ಹುಡುಗರು. ಬೈಯಬೇಡಿ. ಹೆಸರು ನೆನಪಿಟ್ಟುಕೊಳ್ಳಿ, ಸಾಕು" ಎನ್ನುತ್ತಿದ್ದರು. ತರಗತಿಯ ತುಂಟ ಮಕ್ಕಳಿಗೂ ಅವರ ನೀತಿ ಅದೇ. ಇಪ್ಪತ್ತೆರಡು ವರ್ಷದ ಎಲ್ಲ ತುಂಟರ ಹೆಸರೂ ಅವರಿಗೆ ಗೊತ್ತಿತ್ತು.

ಮೊದಲ ದಿನ ಗಂಟೆ ಹೊಡೆದ ಮೇಲೆ ನಾನು ಹತ್ತಿರ ಹೋಗಿ, "ಮೇಡಂ, ನಾನೂ ಕರ್ನಾಟಕದವಳು" ಎಂದೆ, ಇಂಗ್ಲಿಷಿನಲ್ಲಿ. ಅವರ ಮುಖ ಅರಳಿದ ರೀತಿ ಈಗಲೂ ಕಣ್ಣಿಗೆ ಕಟ್ಟಿದ ಹಾಗಿದೆ.

"ಯವ್ವಾ, ಕನ್ನಡ ಮಾತಾಡ! ಮೇಡಂ ಗೀಡಂ ಅನಬ್ಯಾಡ. ನಮ್ಮ ಗದಗಿನ ಕಡೆ ಸಾಲಿ ಕಲಿಸೋವ್ರಿಗೆ ಅಕ್ಕೋರು ಅಂತಾರ. ಮೂವತ್ತು ವರ್ಷ ಆತು ತಂಗಿ, ಈ ಊರಾಗ ನನ್ನ ಯಾರೂ ಅಕ್ಕೋರ ಅಂದಿಲ್ಲ."

"ಆಯ್ತು ಅಕ್ಕೋರೆ" ಎಂದೆ, ನಾಚಿಕೊಂಡು ತಲೆ ತಗ್ಗಿಸಿ.

ತಕ್ಷಣ ನನ್ನ ಗಲ್ಲಕ್ಕೆ ಬೆರಳಿಟ್ಟು ಮುಖ ಎತ್ತಿದರು. "ಮಾತಾಡುವಾಗ ಮಾರಿ ಮ್ಯಾಲೆ ಮಾಡು. ತುಟಿ ಕಾಣ್ಬೇಕು." ಶಿಸ್ತು ಎಂದುಕೊಂಡೆ. ಅವರ ತರಗತಿಯ ಮಕ್ಕಳೂ ಹಾಗೆಯೇ, ಗಲ್ಲ ಎತ್ತಿ, ತುಟಿ ಬಿಡಿಸಿ ಮಾತಾಡುತ್ತಿದ್ದವು. ಅವರ ಮಕ್ಕಳನ್ನು ಪ್ರಾರ್ಥನೆಯ ಸಾಲಿನಲ್ಲಿ ದೂರದಿಂದಲೇ ಗುರುತು ಹಿಡಿಯಬಹುದಿತ್ತು.

ವಿಷಯ ಬೇರೆಯೇ ಇದೆ ಎಂದು ತಿಳಿದದ್ದು ಮಳೆಗಾಲದಲ್ಲಿ. ಒಂದು ದಿನ ಡಬ್ಬಿಯ ಮುಚ್ಚಳ ಸರಿಯಾಗಿ ಹಾಕದೆ ಪಟ್ಟಿಗಳೆಲ್ಲ ತೇವಕ್ಕೆ ಮುದ್ದೆಯಾಗಿದ್ದವು. ಅವು ಒಣಗುವವರೆಗೆ ಪಟ್ಟಿ ಇಲ್ಲದೆಯೇ ಪಾಠ. ನಾನು ಹೋಮ್‌ವರ್ಕ್ ನೋಟ್‌ಬುಕ್ ತಿದ್ದಿಕೊಡಲು ಹಿಂದೆ ಕೂತಿದ್ದೆ. ಅವರು ಬೋರ್ಡಿನಲ್ಲಿ ಬರೆಯುತ್ತ, ಬೆನ್ನು ತಿರುಗಿಸಿಕೊಂಡೇ ಒಬ್ಬಳು ಹುಡುಗಿಗೆ ಓದಲು ಹೇಳಿದರು. ಅವಳು "ಸಿಟಿ" ಎಂದಳು, ಸರಿಯಾಗಿಯೇ. "ಇನ್ನೊಮ್ಮೆ" ಎಂದರು. ಮತ್ತೆ "ಸಿಟಿ" ಎಂದಳು. "ತಪ್ಪು, ಮೊದಲಿನ ಸದ್ದು ಎಲ್ಲಿ?" ಎಂದರು. ಮೂರನೇ ಸಲಕ್ಕೆ ಅವಳು ಅಳುತ್ತಿದ್ದಳು. ಅಳು ನೋಡಿ ಇವರು ಗಾಬರಿಯಾಗಿ ಓಡಿ ಬಂದು, ಅವಳ ಮುಂದೆ ಮಂಡಿಯೂರಿ ಕೂತರು. ಪಟ್ಟಿ ಇರಲಿಲ್ಲ. ತಮ್ಮ ಅಂಗೈಯನ್ನೇ ಅವಳ ತುಟಿಯ ಮುಂದೆ ಹಿಡಿದರು. "ಹೇಳು." ಹುಡುಗಿ ಬಿಕ್ಕುತ್ತಲೇ "ಸಿಟಿ" ಎಂದಳು. ಅಂಗೈಗೆ ಉಸಿರು ತಾಗಿರಬೇಕು. ಅವಳನ್ನು ಎದೆಗವಚಿಕೊಂಡು, ಇಡೀ ತರಗತಿಗೆ ಕೇಳುವಂತೆ ಗುಜರಾತಿಯಲ್ಲಿ ಹೇಳಿದರು: "ತಾರೂ ಸಾಚೂ, ಮಾರೂ ಖೋಟೂ." ನಿನ್ನದು ಸರಿ, ನನ್ನದು ತಪ್ಪು.

ನಲವತ್ತೈದು ಮಕ್ಕಳ ಎದುರು ಹೀಗೆ ಹೇಳುವ ಮೇಷ್ಟರನ್ನಾಗಲಿ ಮೇಡಂ ಅವರನ್ನಾಗಲಿ ನಾನು ಓದಿದ ಯಾವ ಶಾಲೆಯಲ್ಲೂ ಕಂಡಿರಲಿಲ್ಲ.

ಊಟದ ಬಿಡುವಿನಲ್ಲಿ ನನ್ನನ್ನು ಮೆಟ್ಟಿಲ ಕೆಳಗೆ ಕರೆದುಕೊಂಡು ಹೋದರು. "ನೀ ನೋಡಿದಿ. ನಿನ್ನ ಕಣ್ಣಾಗ ಕಂಡೆ" ಎಂದರು. "ಐದಾರು ವರ್ಷ ಆತು. ಗಟ್ಟಿ ಸಪ್ಪಳ ಬರ್ತಾವ ತಂಗಿ. ರೈಲು ಬರ್ತದ, ಗಂಟಿ ಬರ್ತದ. ಮೆತ್ತನ್ನ ಸಪ್ಪಳ ಬರಂಗಿಲ್ಲ. ಸ ಅನ್ನೋದು, ಫ ಅನ್ನೋದು ಪೂರಾ ಹೊಂಟ ಹೋಗ್ಯಾವ. ಅದಕ್ಕ ಈ ಪಟ್ಟಿ. ಕಿವಿ ಮಾಡೋ ಕೆಲಸ ಕಣ್ಣು, ಬೆರಳು ಮಾಡ್ತಾವ."

"ಕಿವಿಗೆ ಮೆಷಿನ್ ಹಾಕಿಸಿಕೊಳ್ಳಬಹುದಲ್ಲ ಅಕ್ಕೋರೆ?"

"ಹಾಕ್ಕೊಂಡು ನೋಡೇನಿ. ಬೆಂಚಿನ ಸಪ್ಪಳ ಕೇಳಸ್ತದ, ರೈಲಿನ ಸಪ್ಪಳ ಕೇಳಸ್ತದ, ಕೂಸುಗಳ ಮಾತೊಂದು ಬಿಟ್ಟು ಎಲ್ಲಾ ಕೇಳಸ್ತದ. ತೆಗೆದಿಟ್ಟೆ." ಆಮೇಲೆ ನನ್ನ ಕೈ ಹಿಡಿದುಕೊಂಡರು. "ನಿವೃತ್ತಿಗೆ ಇನ್ನ ಮೂರು ವರ್ಷ ಅದ. ಒಂದನೇ ಇಯತ್ತೆ ಬಿಟ್ಟು ನನಗ ಬ್ಯಾರೆ ಏನೂ ಬರಂಗಿಲ್ಲ. ಯಾರಿಗೂ ಹೇಳಬ್ಯಾಡ."

ಹೇಳುವುದಿಲ್ಲ ಎಂದೆ. ಮುಖ ಎತ್ತಿ, ತುಟಿ ಬಿಡಿಸಿ, ಸ್ಪಷ್ಟವಾಗಿ ಹೇಳಿದೆ.

ಅವರ ಮನೆಗೆ ಭಾನುವಾರಗಳಲ್ಲಿ ಹೋಗುತ್ತಿದ್ದೆ. ಸ್ಟೇಷನ್ನಿನ ಹಿಂದಿನ ಹಳೆಯ ಚಾಳಿನಲ್ಲಿ, ಅಂದರೆ ವಠಾರದಲ್ಲಿ, ಎರಡು ಕೋಣೆ. ಯಜಮಾನರು ಬಟ್ಟೆ ಮಿಲ್ಲಿನಲ್ಲಿ ಜಾಬರ್, ಎಂದರೆ ಮಗ್ಗಗಳ ಮೇಸ್ತ್ರಿ, ಆಗಿದ್ದವರು. ಮಿಲ್ಲು ಮುಚ್ಚಿ ಬಹಳ ವರ್ಷವಾಗಿತ್ತು. ಸಾವಿರ ಮಗ್ಗಗಳ ಸದ್ದಿಗೆ ಅವರ ಕಿವಿ ಎಂದೋ ಹೋಗಿತ್ತು. ಆ ಸದ್ದಿನಲ್ಲಿ ಕೂಗಿದರೂ ಕೇಳದ್ದರಿಂದ ಮಿಲ್ಲಿನವರು ಪರಸ್ಪರ ತುಟಿ ನೋಡಿಯೇ ಮಾತಾಡುತ್ತಿದ್ದರಂತೆ. ಆ ವಿದ್ಯೆಯನ್ನು ಹೆಂಡತಿಗೆ ಕಲಿಸಿದವರು ಅವರೇ. ಮದುವೆಯಾದ ಹೊಸದರಲ್ಲಿ ಗಂಡನ ಜೊತೆ ಮಾತಾಡಲೆಂದು ಕಲಿತದ್ದು, ಕೊನೆಗೆ ಹೊಟ್ಟೆಪಾಡಿಗೆ ಬಂತು. ಇಬ್ಬರೂ ಸದ್ದಿಲ್ಲದೆ, ಬರೀ ತುಟಿಯಲ್ಲಿ ಮಾತಾಡಿಕೊಳ್ಳುತ್ತಿದ್ದರು. ಜಗಳವೂ ಹಾಗೆಯೇ. ಚಾಳಿನವರ ಪಾಲಿಗೆ ಅವರು ಜನ್ಮದಲ್ಲಿ ಜಗಳವಾಡದ ಆದರ್ಶ ದಂಪತಿ. ನಾನು ಮಾತ್ರ ರೊಟ್ಟಿ ತಿನ್ನುತ್ತ, ಉಪ್ಪು ಹೆಚ್ಚಾಯಿತೆಂದು ನಡೆಯುತ್ತಿದ್ದ ಘೋರ ಯುದ್ಧವನ್ನು ನೋಡಿ ನಗು ತಡೆದುಕೊಳ್ಳುತ್ತಿದ್ದೆ.

ಮುಂದಿನ ಜನವರಿಯಲ್ಲಿ ನಾನೂ ಅವರ ಜೊತೆ ಹರಿದ ಗಾಳಿಪಟಗಳನ್ನು ಕತ್ತರಿಸಿದೆ. ಗಾಜಿನ ಪುಡಿ ಮೆತ್ತಿದ ಮಾಂಜಾ ದಾರ ತಾಗಿ ನನ್ನ ಬೆರಳು ಕುಯ್ದುಹೋಯಿತು. ಅವರು ಅರಿಶಿನ ಮೆತ್ತಿ, "ಈಗ ನೀ ನಮ್ಮ ಇಯತ್ತೆಯವಳಾದಿ" ಎಂದರು. ನಾನು ಹೊರಗಿನವಳಲ್ಲ ಅನ್ನಿಸಿತು. ಅಹಮದಾಬಾದಿನಲ್ಲಿ ಹಾಗೆ ಅನ್ನಿಸಿದ್ದು ಅದೇ ಮೊದಲು.

ಮಾರ್ಚ್ ಬಂತು. ಬಿಸಿಲು ಏರಿತು. ಒಂದನೇ ತರಗತಿಯ ಹುಡುಗನೊಬ್ಬನಿಗೆ ಪಾಠದ ನಡುವೆ ಮೂಗಿನಲ್ಲಿ ರಕ್ತ ಬಂತು. ಇಲ್ಲಿ ಬೇಸಿಗೆಯಲ್ಲಿ ಮಕ್ಕಳಿಗೆ ಇದು ಮಾಮೂಲು, ಫ್ಯಾನ್ ಇದ್ದರೂ ಬರುತ್ತದೆ. ಆದರೆ ಮಾರನೆಯ ದಿನ ಐದಾರು ಜನ ಪೋಷಕರು ಪ್ರಿನ್ಸಿಪಾಲರ ಕೋಣೆಯಲ್ಲಿ ಕೂತಿದ್ದರು. ಫೀಸು ಕಟ್ಟುವುದು ಮಕ್ಕಳನ್ನು ಬೇಯಿಸುವುದಕ್ಕೋ ಎಂದು ಕೇಳಿದರಂತೆ. ಪ್ರಿನ್ಸಿಪಾಲರು ಮೋಟಾಬೆನ್‌ಗೆ ಫ್ಯಾನ್ ಹಾಕಿ ಎಂದರು. ಇವರು ಹೂಂ ಎಂದು ಬಂದು, ಪಟ್ಟಿ ಹಿಡಿಸುವ ಆ ಒಂದು ಪಿರಿಯಡ್ ಮಾತ್ರ ಮತ್ತೆ ಆರಿಸಿದರು. ಎರಡನೇ ಸಲ ಹೇಳಿದರು, ಮತ್ತೆ ಅದೇ. ಫ್ಯಾನ್ ತಿರುಗಿದರೆ ಎಲ್ಲ ಪಟ್ಟಿಗಳೂ ಸುಮ್ಮನೆ ಪಟಪಟ ಹಾರುತ್ತವೆ, ಯಾವ ಮಗು ಏನು ಹೇಳಿತೆಂದು ಅವರಿಗೆ ಗೊತ್ತಾಗುವುದು ಹೇಗೆ? ಆದರೆ ಇದನ್ನು ಅವರು ಬಾಯಿಬಿಟ್ಟು ಹೇಳುವ ಹಾಗಿರಲಿಲ್ಲ.

ಮೂರನೇ ದಿನ ಪ್ರಿನ್ಸಿಪಾಲರು ನನ್ನನ್ನು ಕರೆದರು. "ನೀವಿಬ್ಬರೂ ಒಂದೇ ಭಾಷೆಯವರು. ನೀವಾದರೂ ಹೇಳಿ. ಇಷ್ಟು ಹಠ ಯಾಕೆ? ವಯಸ್ಸಾದ ಹಾಗೆ ಮನುಷ್ಯ ಇಷ್ಟು ಮೊಂಡಾಗಬಾರದು" ಎಂದರು.

ಮೊಂಡು ಎಂದದ್ದು ನನಗೆ ಸಹಿಸಲಾಗಲಿಲ್ಲ. ಅಲ್ಲೇ ನಾನು ಕೆಟ್ಟೆ. ಯಾರಾದರೂ ನಮ್ಮವರನ್ನು ತಪ್ಪಾಗಿ ತಿಳಿದರೆ ತಿದ್ದದೆ ಇರಲಾರದ ಚಟ ನನಗೆ ಚಿಕ್ಕಂದಿನಿಂದ ಇದೆ. "ಇಲ್ಲ ಸರ್, ಅದು ಹಠ ಅಲ್ಲ" ಎಂದು ಶುರು ಮಾಡಿದವಳು ಪೂರ್ತಿ ಹೇಳಿಯೇ ನಿಲ್ಲಿಸಿದೆ. ಕಿವಿಯ ವಿಷಯ, ಪಟ್ಟಿಯ ವಿಷಯ, ಫ್ಯಾನಿನ ವಿಷಯ. ಕಿವಿ ಇಲ್ಲದೆಯೂ ಅವರು ನಮ್ಮೆಲ್ಲರಿಗಿಂತ ಚೆನ್ನಾಗಿ ಕಲಿಸುತ್ತಾರೆ ಎಂದೂ ಹೇಳಿದೆ. ಬಹಳ ಚೆನ್ನಾಗಿ ವಾದಿಸಿದೆ ಎಂದು ಆ ಕ್ಷಣದಲ್ಲಿ ನನಗೆ ಹೆಮ್ಮೆಯೂ ಆಗಿತ್ತು. ದೇವರಾಣೆ, ಅವರನ್ನು ಉಳಿಸುತ್ತಿದ್ದೇನೆ ಎಂದೇ ನಂಬಿದ್ದೆ.

ಪ್ರಿನ್ಸಿಪಾಲರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ಅವರು ಕೆಟ್ಟವರಲ್ಲ. "ಪೋಷಕರಿಗೆ ಇದು ತಿಳಿದರೆ ಏನಾಗುತ್ತದೆ ಗೊತ್ತೇ? ಅಕ್ಷರದ ಸದ್ದು ಕಲಿಸುವ ಟೀಚರ್‌ಗೆ ಸದ್ದೇ ಕೇಳುವುದಿಲ್ಲ ಅಂದರೆ?" ಎಂದರು. ಆಮೇಲೆ, "ನಿಮ್ಮ ಹೆಸರು ಎಲ್ಲೂ ಬರುವುದಿಲ್ಲ. ಅವರನ್ನು ಆ ತರಗತಿಯಿಂದ ಬಿಡಿಸಲು ಫ್ಯಾನಿನ ದೂರು ಸಾಕು" ಎಂದರು. ಬಾಯಿಂದ ಹೋದ ಮಾತು ಹೋಗಿಯಾಗಿತ್ತು.

ಜೂನ್‌ನಲ್ಲಿ, ಯಾರಿಗೆ ಯಾವ ತರಗತಿ ಎಂಬ ಹೊಸ ವರ್ಷದ ಯಾದಿ ಬೋರ್ಡಿಗೆ ಬಿತ್ತು. ಒಂದನೇ ತರಗತಿಯ ಎದುರು ನನ್ನ ಹೆಸರು. ಮೋಟಾಬೆನ್‌ಗೆ ಮೆಟ್ಟಿಲ ಕೆಳಗಿನ ಲೈಬ್ರರಿ, ಅಂದರೆ ಎರಡು ಬೀರು ಮತ್ತು ಒಂದು ಕುರ್ಚಿ.

ಅವರು ಡಬ್ಬಿ ಹಿಡಿದುಕೊಂಡು ನನ್ನನ್ನು ಹುಡುಕಿಕೊಂಡು ಬಂದರು. ನಾನು ಗೋಡೆ ನೋಡುತ್ತ ನಿಂತಿದ್ದೆ. "ಯಾಕ ಸಣ್ಣ ಮಾರಿ ಮಾಡಿ? ಆ ಪೋಷಕರು ಪಂಖಾ ಪಂಖಾ ಅಂತ ಜೀವಾ ತಿಂದ್ರು, ಪ್ರಿನ್ಸಿಪಾಲರು ತಾನ ಏನ್ ಮಾಡ್ಯಾರು? ಬ್ಯಾರೆ ಯಾರಿಗರೆ ಕೊಟ್ಟಿದ್ರ ಹೊಟ್ಟಿ ಉರೀತಿತ್ತು ತಂಗಿ. ನಿನಗ ಬಂತು. ಅಕ್ಕನ ಮನಿ ತಂಗಿಗೆ ಬಂದಂಗ ಆತು." ಡಬ್ಬಿಯನ್ನು ನನ್ನ ಕೈಗಿಟ್ಟು, ಮುಚ್ಚಳ ಬಿಗಿಯಾಗಿದೆಯೇ ಎಂದು ಒಮ್ಮೆ ಒತ್ತಿ ನೋಡಿದರು.

ಆಗಲೇ ಹೇಳಬೇಕಿತ್ತು. ಹೇಳಲಿಲ್ಲ. "ಹೂಂ ಅಕ್ಕೋರೆ" ಎಂದೆ.

ಡಬ್ಬಿಯನ್ನು ನಾನು ಎಷ್ಟು ದಿನ ಬಳಸಿದೆ? ಸರಿಯಾಗಿ ಒಂದು ವಾರ. ಆಮೇಲೆ ಶಾಲೆ ಟೇಪ್‌ರೆಕಾರ್ಡರ್ ಕೊಡಿಸಿತು, ಕ್ಯಾಸೆಟ್ ಬಂತು. ಯಾವುದೋ ದೇಶದ ಹೆಂಗಸು ಅದರೊಳಗಿಂದ ಕ್ಯಾಟ್, ಸಿಟಿ ಎನ್ನುತ್ತಿದ್ದಳು. ಮಕ್ಕಳು ಹಿಂದೆ ಕೂಗುತ್ತಿದ್ದವು. ಫ್ಯಾನ್ ಗರಗರ ತಿರುಗುತ್ತಿತ್ತು. ನನಗೇನು ಕಿವಿ ಚೆನ್ನಾಗಿದೆಯಲ್ಲ, ಪಟ್ಟಿ ಯಾಕೆ ಎಂದುಕೊಂಡೆ. ಅರ್ಧ ವರ್ಷದ ಪರೀಕ್ಷೆಯಲ್ಲಿ ಒಬ್ಬೊಬ್ಬರನ್ನೇ ಓದಿಸಿದಾಗ ಗೊತ್ತಾಯಿತು, ಹದಿನೈದು ಮಕ್ಕಳು ಇಷ್ಟು ದಿನ ಬರೀ ಬಾಯಿ ಆಡಿಸುತ್ತಿದ್ದವು ಎಂದು. ಕಿವಿಯಿದ್ದ ನನಗೆ ನಲವತ್ತೈದು ಮಕ್ಕಳಿಂದ ಕೇಳಿಸಿದ್ದು ಒಂದೇ ಗದ್ದಲ. ಕಿವಿ ಕೇಳದ ಅವರಿಗೆ ನಲವತ್ತೈದು ಗಂಟಲೂ ಬೇರೆ ಬೇರೆಯಾಗಿ ಗೊತ್ತಿದ್ದವು.

ಲೈಬ್ರರಿಯಲ್ಲಿ ಅವರು ಸುಮ್ಮನೆ ಕೂರಲಿಲ್ಲ. ಕುಡಿಯುವ ನೀರಿನ ಟ್ಯಾಂಕು ಮೆಟ್ಟಿಲ ಪಕ್ಕದಲ್ಲೇ ಇತ್ತು. ನೀರಿಗೆ ಸಾಲು ನಿಂತ ಮಕ್ಕಳನ್ನು ಹಿಡಿದು, ಸೆರಗಿನ ತುದಿಯಲ್ಲಿ ಕಟ್ಟಿಟ್ಟುಕೊಂಡಿದ್ದ ಒಂದೇ ಒಂದು ಕೆಂಪು ಪಟ್ಟಿಯನ್ನು ಅವರ ಬಾಯಿಯ ಮುಂದೆ ಹಿಡಿಯುತ್ತಿದ್ದರು. ನನ್ನ ತರಗತಿಯ ಮಕ್ಕಳು ನೀರು ಕುಡಿಯಲು ಹೋದರೆ ಬೇಗ ಬರುತ್ತಲೇ ಇರಲಿಲ್ಲ. ಬಂದಾಗ ಸಿ ಅಕ್ಷರ ಸರಿಯಾಗಿ ಹೇಳುತ್ತಿದ್ದವು. ಪಾಠದ ಹೊತ್ತಿನಲ್ಲಿ ಮಕ್ಕಳನ್ನು ತಡೆಯಬಾರದು ಎಂದು ಕೊನೆಗೆ ಒಂದು ಚೀಟಿ ಹೋಯಿತು. ದೀಪಾವಳಿ ರಜೆಯ ನಂತರ ಅವರು ಬರಲಿಲ್ಲ. ಯಜಮಾನರ ಅಣ್ಣನ ಮಗನೊಬ್ಬ ಸಚಿನ್‌ನ ಕಾರ್ಖಾನೆಯಲ್ಲಿದ್ದ. ಅಲ್ಲಿನ ಮಗ್ಗದ ಶೆಡ್ಡಿನಲ್ಲಿ ಬಟ್ಟೆ ತಪಾಸಣೆಯ ಕೆಲಸ ಯಜಮಾನರಿಗೆ ಸಿಕ್ಕಿತೆಂದು ಇಬ್ಬರೂ ಹೊರಟೇಹೋದರು. ಬೀಳ್ಕೊಡುಗೆ ಎಂದು ಯಾರೂ ಏನೂ ಮಾಡಲಿಲ್ಲ. ನಾನೂ ಮಾಡಲಿಲ್ಲ.

ಮರುವರ್ಷ ಸೀರೆ ಕೊಳ್ಳುವ ನೆಪ ಹೇಳಿ ಸೂರತ್‌ಗೆ ಹೋದೆ. ಸೀರೆ ಅಂಗಡಿಯ ಮುಖ ನೋಡದೆ ಸಚಿನ್‌ಗೆ ಆಟೋ ಹಿಡಿದೆ. ದಾರಿಯುದ್ದಕ್ಕೂ ಮಾತು ಜೋಡಿಸಿಕೊಂಡೆ. ಕಾರ್ಖಾನೆಗಳ ಹಿಂದಿನ ಸಾಲುಮನೆ. ಹಗಲಿಡೀ ಮಗ್ಗದ ಸದ್ದು, ನೆಲವೇ ಸಣ್ಣಗೆ ನಡುಗುತ್ತಿತ್ತು. ಆ ಸದ್ದಿನಲ್ಲಿ ನೆಮ್ಮದಿಯಾಗಿದ್ದವರು ಅವರಿಬ್ಬರೇ ಇರಬೇಕು.

ಅವರು ಸೊರಗಿದ್ದರು. ಆದರೆ ನನ್ನನ್ನು ಕಂಡದ್ದೇ ತಡ, "ಬಾ ತಂಗಿ, ಬಾ" ಎಂದು ಕೈ ಹಿಡಿದು ಒಳಗೆಳೆದು ಮಂಚದ ಮೇಲೆ ಕೂರಿಸಿದರು. ಯಜಮಾನರು ಕೆಳಗೆ, ನನ್ನ ಕಾಲ ಬಳಿ ನೆಲದ ಮೇಲೆ ಕೂತು, ಮೊರದಲ್ಲಿ ಸೂರತ್ತಿನ ಪಾಪಡಿ ಅವರೆ ಬಿಡಿಸುತ್ತಿದ್ದರು. ಚಹಾ ಬಂತು. ಒಂದೊಂದು ಮಗುವಿನ ಹೆಸರು ಹಿಡಿದು ಕೇಳಿದರು. ಅವತ್ತು 'ಸಿಟಿ' ಎಂದು ಅತ್ತ ಹುಡುಗಿ ಈಗ ಹೇಗೆ ಓದುತ್ತಾಳೆ? ಪಟ್ಟಿ ಸಾಲುತ್ತವೆಯೇ? ಪಂಖದ ತಕರಾರು ಈಗಲೂ ಇದೆಯೇ?

"ಈಗ ಯಾರೂ ಏನೂ ಅನ್ನಲ್ಲ ಅಕ್ಕೋರೆ" ಎಂದೆ. ಅದು ನಿಜವೇ, ಫ್ಯಾನ್ ಆರಿಸುವವರೇ ಇರಲಿಲ್ಲವಲ್ಲ.

"ನೋಡ್ರಿ, ನಾ ಹೇಳಿದ್ದಿಲ್ಲ? ಇಕೀ ಕೈಯಾಗ ನನ್ನ ಇಯತ್ತೆ ಛಲೋ ಅದ" ಎಂದು ಗಂಡನಿಗೆ ತುಟಿಯಲ್ಲೇ ಹೇಳಿದರು. ನನಗೆ ಅಷ್ಟು ಓದಲು ಬರುತ್ತಿತ್ತು.

ಅದನ್ನು ನೋಡಿದ ಮೇಲೆ ಇನ್ನು ತಡೆಯಲಾಗಲಿಲ್ಲ. ಹೇಳಿದೆ. "ಪ್ರಿನ್ಸಿಪಾಲರಿಗೆ ನಿಮ್ಮ ಕಿವಿಯ ವಿಷಯ ಹೇಳಿದವಳು ನಾನು ಅಕ್ಕೋರೆ. ನಿಮ್ಮ ಕ್ಲಾಸು ಹೋಗಿದ್ದು ಫ್ಯಾನಿನಿಂದಲ್ಲ, ನನ್ನಿಂದ. ತಪ್ಪಾಯಿತು." ಒಂದಕ್ಷರ ಬಿಡದೆ ಎಲ್ಲ ಹೇಳಿದೆ. ಆದರೆ ಹೇಳುವಾಗ ತಲೆ ಪೂರ್ತಿ ಬಗ್ಗಿಸಿದ್ದೆ. ಮಡಿಲಲ್ಲಿದ್ದ ಚಹಾದ ಬಸಿಯನ್ನು ನೋಡುತ್ತ, ಬಸಿಗೇ ಹೇಳಿದೆ. ಅವರಿಗೆ ನನ್ನ ತುಟಿ ಕಾಣುವುದಿಲ್ಲ ಎಂದು ನನಗೆ ಗೊತ್ತಿರಲಿಲ್ಲವೇ? ಅವರ ಪರಿಚಯವಾದ ಮೊದಲ ದಿನವೇ ನಾನು ಕಲಿತ ಪಾಠ ಅದು. ಮುಖ ಎತ್ತುವ ಧೈರ್ಯ ಆಗಲಿಲ್ಲ ಎಂಬುದೂ ನಿಜ, ಕಾಣದಿದ್ದರೆ ಒಳ್ಳೆಯದೇ ಎಂದು ಒಳಗೆಲ್ಲೋ ಅನ್ನಿಸಿತ್ತು ಎಂಬುದೂ ನಿಜ.

"ಚಾ ಆರ್ತದ ತಂಗಿ, ಕುಡಿ" ಎಂದರು.

ಒಂದೇ ಗುಟುಕಿಗೆ ಕುಡಿದೆ. ಮತ್ತೆ ಹೇಳಲಿಲ್ಲ. ಹೊರಡುವಾಗ ಬಾಗಿಲವರೆಗೆ ಬಂದು, ನನ್ನ ಗಲ್ಲ ಹಿಡಿದು ಮುಖ ಎತ್ತಿ ನೋಡಿದರು. "ಭಾಳ ಸೊರಗಿದಿ. ಕೂಸುಗಳ ಮುಂದ ಅಷ್ಟು ಕೂಗಬ್ಯಾಡ" ಎಂದರು. ವಾಪಸ್ ರೈಲಿನಲ್ಲಿ ವಡೋದರಾ ಬರುವವರೆಗೂ ಅತ್ತೆ. ಆರು ವರ್ಷದ ಹುಡುಗಿಯ ಮುಂದೆ ಮಂಡಿಯೂರಿ, ನನ್ನದು ತಪ್ಪು ಎನ್ನಲು ಅವರಿಗೆ ಅರೆಗಳಿಗೆ ಸಾಕಾಗಿತ್ತು.

ಆಮೇಲೆ ಹೋಗಬೇಕು ಹೋಗಬೇಕು ಎಂದುಕೊಂಡೇ ದಿನ ಕಳೆದೆ. ಮೊನ್ನೆ ಕಾರ್ಡು ಬಂತು. ಮೊದಲ ಸಾಲಷ್ಟೇ ಮೇಲೆ ಹೇಳಿದೆ. ಉಳಿದದ್ದು ಇಷ್ಟು:

"ಕಡೀತನಕ ನಿಮ್ಮ ಹೆಸರು ಹೇಳತಿದ್ದಳು. ಇನ್ನೊಂದು ಮಾತು. ಅವತ್ತು ನೀವು ತಲಿ ಬಗ್ಗಿಸಿ ಹೇಳಿದ್ದು ಆಕೀಗೆ ಕಾಣಲಿಲ್ಲ. ನಾ ಕೆಳಗ ಕುಂತಿದ್ದೆ, ನನಗ ಎಲ್ಲಾ ಕಾಣಿಸ್ತು. ನೀವು ಹೋದ ಮ್ಯಾಲ ಕೇಳಿದಳು, ತಂಗಿ ತಲಿ ಬಗ್ಗಿಸಿ ಏನೋ ಅಂದಳಲ್ಲ, ಏನದು ಅಂತ. ಚಾ ಛಲೋ ಆಗೇದ ಅಂದಳು ಅಂತ ಹೇಳಿದೆ. ತನ್ನ ಇಯತ್ತೆ ತನ್ನ ತಂಗಿ ಕೈಯಾಗ ಅದ ಅಂತ ಆಕೀ ನಂಬಿದ್ದಳು. ಆಕೀಗೆ ಉಳದಿದ್ದು ಅದೊಂದ. ಅದನ್ನ ಕಸಗೊಳ್ಳಾಕ ನನಗ ಮನಸಾಗಲಿಲ್ಲ. ಕಾಗದದ ಪಟ್ಟಿ ಕಡಿಮಿ ಬಿದ್ರ ತಿಳಸ್ರಿ. ಇಲ್ಲೂ ಗಾಳಿಪಟ ಬೀಳತಾವ."

ಮನೆಗೆ ತಂದಿಟ್ಟಿದ್ದ ಡಬ್ಬಿಯನ್ನು ಬೀರುವಿನ ಮೇಲಿಂದ ಇಳಿಸಿ ಧೂಳು ಒರೆಸಿದೆ. ಆ ಒಂದು ವಾರ ಬಳಸಿದಷ್ಟು ಬಿಟ್ಟರೆ ಪಟ್ಟಿಗಳು ಅವರು ಜೋಡಿಸಿಟ್ಟ ಹಾಗೆಯೇ ಇವೆ. ಆ ಹಿರಿಯರಿಗೆ ಉತ್ತರ ಬರೆಯಬೇಕೆಂದು ಎರಡು ದಿನದಿಂದ ಕಾರ್ಡು ಮುಂದಿಟ್ಟುಕೊಂಡು ಕೂರುತ್ತಿದ್ದೇನೆ. ಪಟ್ಟಿ ಸಾಕಷ್ಟಿವೆ ಎಂದು ಬರೆದರೆ, ನಾನು ಅವನ್ನು ಬಳಸುತ್ತಿಲ್ಲವೆಂದು ಅವರಿಗೆ ತಿಳಿದುಬಿಡುತ್ತದೆ. ಕಳಿಸಿ ಎಂದು ಬರೆದರೆ ಸುಳ್ಳಾಗುತ್ತದೆ. ನಾಳೆ ಬೆಳಿಗ್ಗೆ ಡಬ್ಬಿ ತೆಗೆದುಕೊಂಡು ಹೋಗಿ ಮೊದಲ ಪಿರಿಯಡ್‌ನಲ್ಲೇ ಫ್ಯಾನ್ ಆರಿಸುತ್ತೇನೆ. ಯಾರು ಬಂದು ಕೇಳಿದರೂ ಮುಖ ಎತ್ತಿ ಉತ್ತರ ಹೇಳುತ್ತೇನೆ. ಪಟ್ಟಿಗಳು ಖಾಲಿಯಾದ ಮೇಲೆ ಅವರಿಗೆ ಬರೆಯುತ್ತೇನೆ.